ಹೊಲವಿಲ್ಲದವನ ಜೋಡೆತ್ತು

ಪ್ರಶ್ನೆ: ಹರೆಯದಲ್ಲಿ ನೋಡಿದ ಯಾವ ಚಿತ್ರ ಇಂದಿಗೂ ನಿಮ್ಮ ಮನಸ್ಸಿನಲ್ಲಿ ಉಳಿದಿದೆ? ಮುಂದೆ ಅದರ ಮೂಲ ಕಾದಂಬರಿಯನ್ನು ಓದಿದಾಗ ಆ ನೆನಪು ಮಸುಕಾಗಲಿಲ್ಲವೇ?
– ಓದುಗರೊಬ್ಬರು, ಇಂಡಿ

ಉತ್ತರ: ಬಿ. ವಿ. ಕಾರಂತರು ನಿರ್ದೇಶಿಸಿ, 1975ರ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಪಡೆದ ‘ಚೋಮನ ದುಡಿ’. ವಿಜಯಪುರವನ್ನು ಇನ್ನೂ ಬಿಜಾಪುರವೆಂದೇ ಬರೆಯುತ್ತಿದ್ದ ಕಾಲದಲ್ಲಿ, ಅಲ್ಲಿ ಕಾಲೇಜು ಓದುವಾಗ ಅದನ್ನು ನೋಡಿದೆ. ಎರೆಹೊಲ, ಬಿಳಿಜೋಳಗಳ ನಡುವೆ ಬೆಳೆದ ನನಗೆ ಕರಾವಳಿಯ ಬದುಕೆಲ್ಲವೂ ಹೊಸದು. ಪರಿಚಿತವೆನಿಸಿದ್ದು ಎತ್ತುಗಳು ಮಾತ್ರ. ಸಂಕ್ರಾಂತಿಗೆ ನಡೆಯುವ ಸಿದ್ಧೇಶ್ವರ ಜಾತ್ರೆಯ ದನಗಳ ಪೇಟೆಯಲ್ಲಿ ರೈತರು ಎತ್ತಿನ ಬಾಯಿ ಬಿಡಿಸಿ ಹಲ್ಲು ನೋಡುವುದನ್ನೂ, ಟವೆಲ್ಲಿನ ಮರೆಯಲ್ಲಿ ಬೆರಳು ಹಿಡಿದು ವ್ಯಾಪಾರ ಕುದುರಿಸುವುದನ್ನೂ ಕಂಡಿದ್ದ ನನಗೆ, ಎತ್ತು ಕಟ್ಟಿದವನಿಗೆ ಹೊಲ ಇದ್ದೇ ಇರುತ್ತದೆ ಎಂಬುದರಲ್ಲಿ ಅನುಮಾನವೇ ಇರಲಿಲ್ಲ. ಜೋಡೆತ್ತು ಸಾಕಿಕೊಂಡೂ ಚೋಮನಿಗೆ ಉಳಲು ಅಂಗೈಯಗಲ ನೆಲವಿಲ್ಲ, ಬೇಡಿದರೂ ಅವನ ಜಾತಿಗೆ ಅದು ದಕ್ಕುವುದಿಲ್ಲ ಎಂಬುದು ಕಣ್ಣೆದುರು ನಡೆದಾಗ ಕುಳಿತಲ್ಲಿ ಕೂರಲಾಗಲಿಲ್ಲ. ಬೇರೆಯವರ ಹೊಲ ಉತ್ತು ಉತ್ತು ಮುದುಕರಾದವರು ನಮ್ಮೂರ ಕೇರಿಯಲ್ಲೂ ಇದ್ದರು. ಅವರ ಮುಖಗಳನ್ನು ನಾನು ನಿಂತು ನೋಡಿದ್ದು ಆಮೇಲೆಯೇ.

‘ಉಳುವವನೇ ಹೊಲದೊಡೆಯ’ ಎಂಬ ಮಾತು ಆಗ ಊರೂರಿನ ಕಟ್ಟೆಗಳ ಮೇಲಿತ್ತು. 1974ರ ಭೂಸುಧಾರಣೆ ಗೇಣಿದಾರರಿಗೆ ಒಡೆತನ ಕೊಟ್ಟಿತು, ಅದು ಸಣ್ಣ ಸಂಗತಿಯಲ್ಲ. ಆದರೆ ಚೋಮ ಗೇಣಿದಾರನೂ ಅಲ್ಲ, ಸಾಲಕ್ಕೆ ಸಿಕ್ಕಿಬಿದ್ದ ಆಳು. ಅವನಂಥವರು ಯಾವ ಅರ್ಜಿ ತುಂಬಬೇಕಿತ್ತು ಎಂದು ಈಗಲೂ ಕೇಳಿಕೊಳ್ಳುತ್ತೇನೆ.

ಶಿವರಾಮ ಕಾರಂತರು 1933ರಲ್ಲಿ ಬರೆದ ಕಾದಂಬರಿ ನನ್ನ ಕೈಗೆ ಬಂದದ್ದು ತಡವಾಗಿ. ನೆನಪು ಮಸುಕಾಗಲಿಲ್ಲ, ಬದಲಿಗೆ ಪುಟಪುಟದಲ್ಲೂ ಚೋಮನಿಗೆ ಎಂ. ವಿ. ವಾಸುದೇವರಾಯರ ಮುಖವೇ ಬಂದು ಕೂತಿತು. ಆ ಪಾತ್ರಕ್ಕೆ ಅವರಿಗೂ ರಾಷ್ಟ್ರಪ್ರಶಸ್ತಿ ಬಂತು. ಕಾದಂಬರಿ ಚೋಮನ ಮನಸ್ಸಿನೊಳಗೆ ಇಳಿಯುವಷ್ಟು ಆಳಕ್ಕೆ ಚಿತ್ರ ಇಳಿಯಲಾರದು ಎಂಬುದನ್ನು ಒಪ್ಪುತ್ತೇನೆ. ಆದರೆ ಚೋಮ ಬಾರಿಸುವ ದುಡಿಯೆಂಬ ಚರ್ಮವಾದ್ಯದ ಸದ್ದು ಚಿತ್ರದ್ದೇ. ನಮ್ಮ ಕಡೆ ಹಲಗಿ ಬಾರಿಸುವುದು ಜಾತ್ರೆಗೆ, ಮೆರವಣಿಗೆಗೆ, ಹೆಣದ ಮುಂದೆ, ಅಂದರೆ ಯಾವಾಗಲೂ ನಾಲ್ಕು ಜನರಿಗಾಗಿ. ಒಬ್ಬ ಮನುಷ್ಯ ತನ್ನ ಸಿಟ್ಟು ಸಂಕಟಗಳನ್ನೆಲ್ಲ ಗುಡಿಸಲಿನಲ್ಲಿ ಕೂತು ತನಗಾಗಿಯೇ ಬಾರಿಸಿಕೊಳ್ಳುವುದನ್ನು ನಾನು ಕೇಳಿದ್ದು ಅದೇ ಮೊದಲು. ನೀವು ಎರಡನ್ನೂ ಇನ್ನೂ ಮುಟ್ಟಿಲ್ಲವಾದರೆ ಮೊದಲು ಚಿತ್ರ ನೋಡಿ, ಆ ಸದ್ದು ಕಿವಿಯಲ್ಲಿರುವಾಗಲೇ ಕಾದಂಬರಿ ಹಿಡಿಯಿರಿ.