ಪ್ರತಿಕ್ರಿಯೆ: ಕಬ್ಬಿನ ಗ್ಯಾಂಗಿನವರು ಯಾರ ಜೊತೆಯೂ ಯಾಕೆ ಬೆರೆಯುವುದಿಲ್ಲ?

ನಿಮ್ಮ ಹೊಲದ ಪಕ್ಕ ಗುಡಿಸಲು ಹಾಕಿರುವ ಮಹಾರಾಷ್ಟ್ರದ ಬೀಡ್ ಕಡೆಯ ಕಬ್ಬು ಕಡಿಯುವ ಗ್ಯಾಂಗಿನವರು ಊರೊಳಗೆ ಬರುವುದೇ ಇಲ್ಲ, ಯಾಕೆ ಅಂತ ಕೇಳಿದ್ದೀರಿ. ಅವರಿಗೆ ಬಿಡುವು ಎಲ್ಲಿದೆ ಹೇಳಿ? ಬೆಳಕು ಹರಿಯುವ ಮೊದಲೇ ಹೊಲಕ್ಕೆ ಇಳಿಯುತ್ತಾರೆ, ಗಂಡ ಕಡಿಯುತ್ತಾ ಹೋದಂತೆ ಹೆಂಡತಿ ರವದಿ (ಕಬ್ಬಿನ ಒಣಗರಿ) ಸುಲಿದು ಹೊರೆ ಕಟ್ಟುತ್ತಾಳೆ, ಲಾರಿ ರಾತ್ರಿ ಬಂದರೆ ಆಗಲೇ ತಲೆ ಮೇಲೆ ಹೊತ್ತು ಹಲಗೆ ಹತ್ತಿ ತುಂಬಬೇಕು. ಜಾಸ್ತಿ ಜನರಿಗೆ ಕನ್ನಡವೂ ಬರುವುದಿಲ್ಲ.

ಇನ್ನು ಮುಂಗಡದ ಹಗ್ಗ. ಕೂಲಿಯವರನ್ನು ಕರೆತರುವ ಮೇಸ್ತ್ರಿ, ಅಂದರೆ ಮುಕಾದಮ, ಗಂಡ ಹೆಂಡತಿಯನ್ನು ಒಂದು ಜೋಡಿ ಅಂತ ಲೆಕ್ಕ ಹಿಡಿದು ದುಡ್ಡು ಕೊಟ್ಟಿರುತ್ತಾನೆ. ಕೂಲಿ ಟನ್ನಿಗಿಷ್ಟು. ಒಬ್ಬರು ಜ್ವರ ಬಂದು ಮಲಗಿದರೂ ಇಬ್ಬರ ಗಳಿಕೆಗೂ ಪೆಟ್ಟು. ಸಾಲ ತೀರದಿದ್ದರೆ ಮುಂದಿನ ವರ್ಷವೂ ಅವನ ಹಿಂದೆಯೇ ಬರಬೇಕು. ಜೀತ ರದ್ದಾಗಿದ್ದು 1976ರಲ್ಲಿ, ಇದು ಮಾತ್ರ ಇನ್ನೂ ನಡೆದಿದೆ! ಮುಟ್ಟಿನ ದಿನಗಳಲ್ಲಿ ಕೆಲಸ ತಪ್ಪಬಾರದು ಅಂತ ಅಲ್ಲಿನ ಎಷ್ಟೋ ಹೆಂಗಸರು ಗರ್ಭಕೋಶವನ್ನೇ ತೆಗೆಸಿಕೊಂಡ ಸುದ್ದಿ 2019ರಲ್ಲಿ ಬಂದಿತ್ತು, ಓದಿ ಹೊಟ್ಟೆ ಉರಿಯಿತು.

ನೀವು ಮಾಡಬಹುದಾದದ್ದು ಇದೆ. ಬೋರಿನ ನೀರು ಹಿಡಿಯಲು ಬಿಡಿ. ಸಣ್ಣ ಮಕ್ಕಳ ವಿಷಯ ಅಂಗನವಾಡಿಗೆ ತಿಳಿಸಿ. ಆರು ದಾಟಿದವರನ್ನು ಶಾಲೆಗೆ ಕರೆದುಕೊಂಡು ಹೋಗಿ, ಟಿಸಿ ಇಲ್ಲ ಅಂತ ವಾಪಸ್ ಕಳಿಸುವ ಹಾಗಿಲ್ಲ, ಇದನ್ನು ಮೇಷ್ಟ್ರಿಗೆ ನೀವೇ ಹೇಳಿ.