ಇಂಡೋನೇಷ್ಯಾದ ಹಾಡುಗಳು ಹಳೇ ಹಿಂದಿ ಸಿನಿಮಾ ಹಾಡಿನ ಹಾಗೆ ಯಾಕೆ ಕೇಳಿಸುತ್ತವೆ? ಇದು ಬರೀ ನಕಲಾ?

ನೀವು ಕೇಳಿದ್ದು ಬಹುಶಃ ದಾಂಗ್‌ದುತ್. ನನಗೆ ತುಂಬಾ ಇಷ್ಟವಾದ ಸಂಗೀತ. ನಕಲು ಅನ್ನೋ ಮಾತನ್ನು ಮಾತ್ರ ನಾನು ಒಪ್ಪುವುದಿಲ್ಲ.

ಹಿಂದಿ ನಂಟು ನಿಜವೇ. 1950ರ ದಶಕದಲ್ಲಿ ಹಿಂದಿ ಸಿನಿಮಾಗಳು ಅಲ್ಲಿ ಚೆನ್ನಾಗಿ ಓಡುತ್ತಿದ್ದವು. ಓರ್ಕೆಸ್ ಮೆಲಾಯು ಅನ್ನೋ ವಾದ್ಯತಂಡಗಳು ಆ ಧಾಟಿಗಳನ್ನು ಎತ್ತಿಕೊಂಡು, ತಮ್ಮ ಭಾಷೆಯ ಸಾಹಿತ್ಯ ಹಾಕಿ ಹಾಡಿದವು. ತಬಲಾದ ಹಾಗೆ ನುಡಿಯುವ ಗೆಂದಾಂಗ್, ಬಿದಿರಿನ ಕೊಳಲು, ಎರಡೂ ಇವತ್ತಿಗೂ ದಾಂಗ್‌ದುತ್‌ನ ಜೀವ.

ಅಲ್ಲಿಗೇ ನಿಂತಿದ್ದರೆ ನಕಲು ಅನ್ನಬಹುದಿತ್ತು. ಆದರೆ 1970ರ ದಶಕದಲ್ಲಿ ಗಾಯಕ ರೋಮಾ ಇರಾಮಾ ತಮ್ಮ ಸೊನೆತಾ ತಂಡದ ಜೊತೆ ಬಂದರು. ಅವರಿಗೆ ಡೀಪ್ ಪರ್ಪಲ್‌ನಂಥ ರಾಕ್ ತಂಡಗಳ ಹುಚ್ಚು. ಆ ಎಲೆಕ್ಟ್ರಿಕ್ ಗಿಟಾರಿನ ಅಬ್ಬರವನ್ನು ಗೆಂದಾಂಗ್ ತಾಳಕ್ಕೆ ಕೂಡಿಸಿದರು. ಬಡತನ, ಜೂಜು, ಸುಮ್ನೆ ರಾತ್ರಿಯೆಲ್ಲ ನಿದ್ದೆಗೆಡುವುದು, ಇಂಥದ್ದರ ಮೇಲೆ ಹಾಡು ಕಟ್ಟಿದರು. ಪಟ್ಟಣದ ಉಳ್ಳವರು ಹಳ್ಳಿಗರ ಹಾಡು ಅಂತ ಹೀಯಾಳಿಸಿದರು. ಕೂಲಿ ಜನ, ಗಾಡಿ ಓಡಿಸುವವರು ಎದೆಗಪ್ಪಿಕೊಂಡರು. ಸುಹಾರ್ತೊ ಅಧ್ಯಕ್ಷರಾಗಿದ್ದ ಕಾಲದಲ್ಲಿ ರೋಮಾ ಆಳುವವರನ್ನು ಬಿಟ್ಟು ಬೇರೆ ಪಕ್ಷದ ಪರ ನಿಂತರು. ಅದಕ್ಕೇ ಸರ್ಕಾರಿ ಟಿವಿ ಅವರನ್ನು ವರ್ಷಗಟ್ಟಲೆ ದೂರವಿಟ್ಟಿತು. ಅಷ್ಟರಲ್ಲಿ ಕ್ಯಾಸೆಟ್ಟು, ಸಿನಿಮಾಗಳು ಅವರನ್ನು ಮನೆಮನೆಗೂ ಮುಟ್ಟಿಸಿದ್ದವು.

2003ರ ಗಲಾಟೆಯನ್ನೂ ಹೇಳಲೇಬೇಕು. ಪೂರ್ವ ಜಾವಾದ ಇನುಲ್ ದಾರತಿಸ್ತಾ ಸಣ್ಣ ಊರುಗಳ ವೇದಿಕೆಗಳಲ್ಲಿ ಹಾಡಿ ಕುಣಿಯುತ್ತಿದ್ದವರು. ಆ ವಿಡಿಯೋಗಳು ಕಳ್ಳ ಸಿಡಿಗಳಲ್ಲಿ ದೇಶವೆಲ್ಲ ಹಬ್ಬಿದವು. ಸೊಂಟ ತಿರುಗಿಸುವ ಆ ಕುಣಿತ ಅಶ್ಲೀಲ ಅಂತ ಸ್ವತಃ ರೋಮಾ ಸಿಟ್ಟಾದರು. ಮಾಜಿ ಅಧ್ಯಕ್ಷ ಅಬ್ದುರ್‌ರಹಮಾನ್ ವಾಹಿದ್ ಇನುಲ್ ಪರ ಮಾತಾಡಿದರು. ನಾನೂ ಇನುಲ್ ಪರವೇ. ಜನ ನಿಂತಲ್ಲೇ ಕುಣಿಯಲಿ ಅಂತಲೇ ಇರುವ ಸಂಗೀತ ಇದು. ಹಾಡುವವಳು ಮಾತ್ರ ಕುಣಿಯಬಾರದು ಅಂದರೆ ಹೇಗೆ, ಅಲ್ವಾ?

ಈಗ ಜಾವಾದಲ್ಲಿ ಜಾಸ್ತಿ ಓಡುವುದು ಕೊಪ್ಲೊ ಅನ್ನೋ ದಾಂಗ್‌ದುತ್ ಬಗೆ. ತಾಳ ಚುರುಕು, ಡೋಲಿನ ಏಟು ಜೋರು. ನಮ್ಮ ಜಾತ್ರೆಯ ರಸಮಂಜರಿಯಂತೆ ರಾತ್ರಿ ಬಯಲಲ್ಲಿ ವೇದಿಕೆ, ಮುಂದೆ ಕುಣಿಯುವ ಜನ, ಗಾಯಕಿಯ ಕೈಗೆ ನೋಟು. ಇದೇ ಕೊಪ್ಲೊದಿಂದ ಹೆಸರಾದ ವಿಯಾ ವಾಲೆನ್ 2018ರ ಜಕಾರ್ತಾ–ಪಾಲೆಂಬಾಂಗ್ ಏಷ್ಯನ್ ಗೇಮ್ಸ್‌ನ ಅಧಿಕೃತ ಹಾಡು ಹಾಡಿದರು. ಒಂದು ಕಾಲಕ್ಕೆ ಹೀಯಾಳಿಸಿದ ಹಾಡು ನೋಡಿ ಇದು!

ಕೇಳಲು ಶುರು ಮಾಡುವುದಾದರೆ ರೋಮಾ ಮತ್ತು ಗಾಯಕಿ ಎಲ್ವಿ ಸುಕಾಯೆಸಿ ಜೋಡಿಯ ಎಪ್ಪತ್ತರ ದಶಕದ ಯುಗಳಗೀತೆಗಳನ್ನು ಮೊದಲು ಹಾಕಿ. ಕೊಪ್ಲೊ ಆಮೇಲೆ. ಹಿಂದಿಯ ಗುರುತು ಎಲ್ಲಿ ಕರಗಿತು ಅನ್ನುವುದು ಆಗ ಕಿವಿಗೇ ಗೊತ್ತಾಗುತ್ತದೆ.