ಸರ ಕಳೆದರೆ ಸಮ್ಮೋಹನವೇ?

ಹಾಸನದ ಓದುಗರೊಬ್ಬರ ಪತ್ರ: ತಂಗಿ ಮಗಳ ಮದುವೆ ಮುಗಿಸಿ ಬಂದ ರಾತ್ರಿ ಎರಡೆಳೆ ಸರ ತೆಗೆದಿಟ್ಟ ನೆನಪು. ಆಮೇಲೆ ಅದು ಸಿಕ್ಕಿಲ್ಲ. ಮನೆಕೆಲಸದವಳ ಮೇಲೆ ಅನುಮಾನ. ಹಿಪ್ನಾಟಿಸಂ ಮಾಡಿಸಿದರೆ ನಿಜ ಬಾಯಿಬಿಡುತ್ತಾಳಾ? ಸಮ್ಮೋಹನ, ವಶೀಕರಣ ಎರಡೂ ಒಂದೇನಾ?

ಉತ್ತರ: ಎರಡನೇ ಪ್ರಶ್ನೆ ಮೊದಲು. ಒಂದೇ ಅಲ್ಲ. ವಶೀಕರಣ ಅಂದರೆ ಮಂತ್ರ ಮಾಟದಿಂದ ಇನ್ನೊಬ್ಬರನ್ನು ವಶ ಮಾಡಿಕೊಳ್ಳಬಹುದೆಂಬ ನಂಬಿಕೆ. ಸಮ್ಮೋಹನ, ಅಂದರೆ ಹಿಪ್ನಾಟಿಸಂ, ಹಾಗಲ್ಲ.

ಪಣಜಿಗೆ ಹೋಗಿದ್ದರೆ ಅಬ್ಬೆ ಫಾರಿಯಾ ಪ್ರತಿಮೆ ನೋಡಿರುತ್ತೀರಿ. ಒರಗಿದ ಹೆಂಗಸಿನ ಮೇಲೆ ಕೈ ಚಾಚಿ ನಿಂತ ಪಾದ್ರಿ. ಥೇಟ್ ಮಾಟಗಾರ! ಆದರೆ 1756ರಲ್ಲಿ ಗೋವಾದಲ್ಲಿ ಹುಟ್ಟಿದ ಈ ಮನುಷ್ಯ ಪ್ಯಾರಿಸ್‌ನಲ್ಲಿ ಹೇಳುತ್ತಿದ್ದದ್ದು ಇದಕ್ಕೆ ತದ್ವಿರುದ್ಧ. ಆಗ ಅಲ್ಲಿ ಮೆಸ್ಮರ್ ಎಂಬ ವೈದ್ಯನ ಮಾತು ಚಾಲ್ತಿಯಲ್ಲಿತ್ತು: ಮಾಡುವವನ ಕೈಯಿಂದ ಕಣ್ಣಿಗೆ ಕಾಣದ ಶಕ್ತಿ ಹರಿಯುತ್ತದೆ ಅಂತ. 1784ರಲ್ಲಿ ಬೆಂಜಮಿನ್ ಫ್ರಾಂಕ್ಲಿನ್ ಇದ್ದ ಸಮಿತಿ ಇದನ್ನು ಪರೀಕ್ಷಿಸಿತು. ತೋಟದ ಒಂದು ಮರಕ್ಕೆ ಮಾತ್ರ 'ಶಕ್ತಿ' ತುಂಬಿಸಿ, ಕಣ್ಣು ಕಟ್ಟಿದ ಹುಡುಗನನ್ನು ಬಿಟ್ಟರು. ಅವನು ಪಾಪ, ಬೇರೆ ಮರದ ಹತ್ತಿರ ಮೂರ್ಛೆ ಹೋದ.

ಫಾರಿಯಾ 1813ರಿಂದ ಪ್ರಯೋಗ ತೋರಿಸತೊಡಗಿದರು. ಕುರ್ಚಿಯಲ್ಲಿ ಕೂರಿಸಿ, ಕಣ್ಣು ಮುಚ್ಚಿಸಿ, 'ನಿದ್ರಿಸು!' ಎಂದು ಗಟ್ಟಿಯಾಗಿ ಹೇಳುವುದು, ಅಷ್ಟೇ. ಕೆಲವರು ಜಾರುತ್ತಿದ್ದರು, ಕೆಲವರು ಸುಮ್ನೆ ಕೂತಿರುತ್ತಿದ್ದರು. ನನ್ನಿಂದ ಏನೂ ಹೋಗುವುದಿಲ್ಲ, ಎಲ್ಲ ಕೂತವರ ಒಳಗಿನದೇ ಎಂಬುದು ಅವರ ವಾದ. ಹಿಪ್ನಾಟಿಸಂ ಎಂಬ ಹೆಸರನ್ನು ಬಳಕೆಗೆ ತಂದದ್ದು ಆಮೇಲೆ, 1840ರ ದಶಕದಲ್ಲಿ, ಮ್ಯಾಂಚೆಸ್ಟರಿನ ಡಾಕ್ಟರ್ ಜೇಮ್ಸ್ ಬ್ರೇಡ್.

ಈಗ ನಿಮ್ಮ ಸರ. ಸಮ್ಮೋಹನದಲ್ಲಿರುವವರು ನಿದ್ದೆಯಲ್ಲಿರುವುದಿಲ್ಲ, ಗಮನ ಒಂದೇ ಕಡೆ ನಿಂತಿರುತ್ತದೆ. ಸುಳ್ಳು ಹೇಳಬೇಕೆಂದರೆ ಆಗಲೂ ಹೇಳಬಹುದು. ಅದಕ್ಕಿಂತ ಕೆಟ್ಟದ್ದು, ಮಾಡದ್ದನ್ನು ಮಾಡಿದೆ ಅಂತ ನಂಬಿಬಿಡಬಹುದು. 'ಬೀರು ಹತ್ತಿರ ಹೋದೆ ತಾನೇ?' ಅಂತ ನಾಲ್ಕು ಸಲ ಕೇಳಿ ನೋಡಿ, ಬೀರು ಕಣ್ಣ ಮುಂದೆ ಬಂದೇ ಬರುತ್ತದೆ. ಹಾಗೆ ಬಂದದ್ದು ನೆನಪೋ ಕಲ್ಪನೆಯೋ ಅಂತ ಅವಳಿಗೇ ತಿಳಿಯುವುದಿಲ್ಲ, ಆದರೆ ಧೈರ್ಯವಾಗಿ ಹೇಳುತ್ತಾಳೆ. ನೋವು, ಆತಂಕಕ್ಕೆ ಪಳಗಿದ ವೈದ್ಯರು ಇದನ್ನು ಬಳಸುತ್ತಾರೆ, ಉಪಯೋಗವೂ ಇದೆ. ಕಳ್ಳರನ್ನು ಹಿಡಿಯಲು ಮಾತ್ರ ಇದು ಬೇಡ.

ಇನ್ನೊಂದು ಮಾತು. ಒಪ್ಪಿಗೆ ಇಲ್ಲದೆ ನಾರ್ಕೋ (ಔಷಧಿ ಕೊಟ್ಟು ಮಂಪರಿನಲ್ಲಿ ಪ್ರಶ್ನೆ ಕೇಳುವುದು) ಅಥವಾ ಸುಳ್ಳುಪತ್ತೆ ಪರೀಕ್ಷೆ ಮಾಡುವಂತಿಲ್ಲ ಎಂದು ಸುಪ್ರೀಂ ಕೋರ್ಟ್ 2010ರಲ್ಲಿ ಹೇಳಿತು, ಅದೂ ಕರ್ನಾಟಕ ಸರ್ಕಾರ ಪ್ರತಿವಾದಿಯಾಗಿದ್ದ ಸೆಲ್ವಿ ಪ್ರಕರಣದಲ್ಲಿ. ಪೊಲೀಸರಿಗೇ ಇಲ್ಲದ ಅಧಿಕಾರ ನಮಗೆಲ್ಲಿಂದ ಬರಬೇಕು? ತಿಂಗಳ ಸಂಬಳ ನಿಮ್ಮ ಕೈಯಲ್ಲಿರುವಾಗ ಅವಳು 'ಆಯ್ತಕ್ಕಾ' ಅಂದರೆ ಅದನ್ನು ಒಪ್ಪಿಗೆ ಅನ್ನಲಾಗದು, ಅಲ್ವಾ?

ಅಂದಹಾಗೆ, ಮದುವೆಗೆ ಉಟ್ಟಿದ್ದ ಸೀರೆಯ ಮಡಿಕೆ ಬಿಚ್ಚಿ ನೋಡಿದಿರಾ? ಪತ್ರದಲ್ಲಿ ಅದನ್ನು ಬರೆದಿಲ್ಲ.